ಚೋಮನಿಂದ ಜಬ್ಯಾನವರೆಗೆ

ಬೆಳಗಾವಿಯ ಜಗಳ ಭಾಷೆಯದು ಅಂತಾರ. 1956ರ ರಾಜ್ಯ ಪುನರ್ವಿಂಗಡಣೆಯ ಗಾಯ ಟಿಳಕವಾಡಿಯ ಅಂಗಡಿ ಬೋರ್ಡುಗಳ ಮೇಲೂ ಕಾಣುತ್ತದೆ. ಆದರೆ ಊರ ಹೊರಗಿನ ಕೇರಿಯ ಪ್ರಶ್ನೆ ಈ ಜಗಳದಾಗ ಮುಂದಿನ ಸಾಲಿಗೆ ಬಂದದ್ದಿಲ್ಲ. ಅದನ್ನು ತೆರೆಗೆ ತಂದವರು ಗಡಿಯಾಚೆಯ ಸೊಲ್ಲಾಪುರ ಜಿಲ್ಲೆಯ ನಾಗರಾಜ ಮಂಜುಳೆ: ನಿರ್ದೇಶಕ, ನಟ, ನಿರ್ಮಾಪಕ.

ಅವರಿಗಿಂತ ಮೊದಲು ಸಿನಿಮಾದಲ್ಲಿ ದಲಿತ ಇರಲಿಲ್ಲವೇ? ಇದ್ದ. ಶಿವರಾಮ ಕಾರಂತರ 1933ರ ಕಾದಂಬರಿಯನ್ನು ಬಿ.ವಿ. ಕಾರಂತರು 1975ರಲ್ಲಿ ‘ಚೋಮನ ದುಡಿ’ ಚಿತ್ರ ಮಾಡಿದರು. ಸ್ವರ್ಣಕಮಲ ಬಂತು; ಚೋಮನಾದ ವಾಸುದೇವರಾವ್ ಅವರಿಗೆ ಶ್ರೇಷ್ಠ ನಟ ರಾಷ್ಟ್ರಪ್ರಶಸ್ತಿ ಬಂತು. ಅಭಿನಯದ ಬಗ್ಗೆ ನನಗೆ ತಕರಾರಿಲ್ಲ. ಆದರೆ ಬರೆದವರೂ ನಿರ್ದೇಶಿಸಿದವರೂ ಕೇರಿಯವರಲ್ಲ. ಹೊಲ ಕೇಳಿದ ಚೋಮನಿಗೆ ಸಿಕ್ಕದ್ದು ಸಾವು, ನೋಡಿದವರಿಗೆ ಸಿಕ್ಕದ್ದು ಕನಿಕರ.

ಮಂಜುಳೆ ಕಲ್ಲೊಡೆಯುವ ಕಸುಬಿನ ವಡಾರ ಸಮುದಾಯದವರು. ಇದೇ ಸಮುದಾಯ ಕರ್ನಾಟಕದಲ್ಲಿ ಪರಿಶಿಷ್ಟ ಜಾತಿ, ಮಹಾರಾಷ್ಟ್ರದಲ್ಲಿ ವಿಮುಕ್ತ ಜಾತಿ. ಗಡಿ ದಾಟಿದರೆ ಪಟ್ಟಿ ಬದಲಾಗುತ್ತದೆ, ಕಲ್ಲಿನ ಭಾರವಲ್ಲ. ಅವರ ‘ಫ್ಯಾಂಡ್ರಿ’ (2013) ಹಂದಿ ಹಿಡಿಯುವ ಕೈಕಾಡಿ ಮನೆಯ ಹುಡುಗ ಜಬ್ಯಾನ ಕಥೆ. ಕೈಕಾಡಿ ದ್ರಾವಿಡ ನುಡಿ. ಅದರ ‘ಫ್ಯಾಂಡ್ರಿ’, ಹಳಗನ್ನಡದ ‘ಪಂದಿ’, ನಮ್ಮ ‘ಹಂದಿ’ ಒಂದೇ ಬಳ್ಳಿಯ ಮಾತು. ಬೈಗುಳವಾಗಿ ಆ ಮಾತು ಕೇಳಿಸಿಕೊಂಡವನಿಗೆ ಬೋರ್ಡು ಯಾವ ಭಾಷೆಯದಾದರೇನು? ಶಾಲೆಯ ಗೋಡೆಯ ಮೇಲಿನ ಅಂಬೇಡ್ಕರ್, ಫುಲೆ ಚಿತ್ರಗಳ ಮುಂದೆಯೇ ಆ ಮನೆಯವರು ಹಂದಿ ಹೊತ್ತು ಸಾಗುತ್ತಾರೆ. ಕೊನೆಗೆ ಜಬ್ಯಾ ಬೀಸಿದ ಕಲ್ಲು ಬರುವುದು ನೋಡುವ ನಮ್ಮ ಕಡೆಗೇ. ಇಲ್ಲಿ ಕನಿಕರಕ್ಕೆ ಜಾಗವಿಲ್ಲ.

ಈ ಚಿತ್ರದಲ್ಲಿ ಮಂಜುಳೆಯವರದು ಸೈಕಲ್ ಅಂಗಡಿಯ ಚಂಕ್ಯಾನ ಪಾತ್ರ. ‘ಸೈರಾಟ್’ನಲ್ಲಿ (2016) ಕ್ರಿಕೆಟ್ ಕಾಮೆಂಟರಿ ಹೇಳುವವನು. ನಾಯಕನ ಜಾಗವನ್ನು ಊರ ಹುಡುಗರಿಗೆ ಬಿಟ್ಟು ತಾವು ಮೂಲೆಯಲ್ಲಿ ನಿಂತರು. ‘ಸೈರಾಟ್’ ಹೊತ್ತಿಗೆ ಅವರ ‘ಆಟಪಾಟ’ ಸಂಸ್ಥೆ ನಿರ್ಮಾಣದಲ್ಲಿ ಪಾಲುದಾರ. 2018ರ ‘ನಾಳ’ದಲ್ಲಿ ನಟಿಸಿ, ನಿರ್ಮಿಸಿ, ನಿರ್ದೇಶನವನ್ನು ‘ಸೈರಾಟ್’ನ ಛಾಯಾಗ್ರಾಹಕ ಸುಧಾಕರ ರೆಡ್ಡಿ ಯಕ್ಕಂಟಿಯವರಿಗೆ ಕೊಟ್ಟರು. ನಿರ್ಮಾಪಕನಾಗುವುದೆಂದರೆ ಬರೀ ರೊಕ್ಕ ಹಾಕುವುದಲ್ಲ. ಯಾವ ಮುಖ ನಾಯಕನದು ಎಂದು ತೀರ್ಮಾನಿಸುವ ಹಕ್ಕು ಪಡೆಯುವುದು.

ಈ ಹಕ್ಕು ಪೂರ್ಣ ಸ್ವತಂತ್ರವೆಂದು ನಾನು ಹೇಳಲಾರೆ. ‘ಸೈರಾಟ್’ನ ಬೆನ್ನಿಗೆ ಝೀ ಕಂಪನಿಯ ಬಂಡವಾಳವಿತ್ತು. ಮಾರುಕಟ್ಟೆ ಕಲ್ಲನ್ನೂ ಕೊಂಡು ಮಾರಬಲ್ಲದು. ನಮ್ಮಲ್ಲಿ ಆದದ್ದೂ ಅದೇ: 2017ರಲ್ಲಿ ಎಸ್. ನಾರಾಯಣ್ ನಿರ್ದೇಶನದ ‘ಮನಸು ಮಲ್ಲಿಗೆ’ಯಾಗಿ ಕಥೆ ಕನ್ನಡಕ್ಕೆ ಬಂತು, ನಾಯಕಿ ರಿಂಕು ರಾಜಗುರು ಕೂಡ ಬಂದರು. ಕಥೆಗೆ ಬೆಲೆ ಕಟ್ಟಬಹುದು. ಅದನ್ನು ಹುಟ್ಟಿಸಿದ ಕೇರಿಯ ಅಧಿಕಾರ ರೀಮೇಕಿನ ಕರಾರಿನಾಗ ಬರುವುದಿಲ್ಲ.

ಆದ್ದರಿಂದ ದಲಿತ ವಿಮರ್ಶೆ ತೆರೆಯ ಮೇಲಿನ ಪಾತ್ರವನ್ನಷ್ಟೇ ಓದಿದರೆ ಸಾಲದು. ರೊಕ್ಕ ಯಾರದು, ಮುಖ ಆರಿಸಿದವರು ಯಾರು, ಕ್ಯಾಮರಾ ಯಾರ ಕೈಯಾಗ ಐತಿ ಎಂದೂ ಕೇಳಬೇಕು. ಎರಡೂ ಭಾಷೆ ಬಲ್ಲ ಬೆಳಗಾವಿ, ಖಾನಾಪುರದ ಹುಡುಗ ಹುಡುಗಿಯರು ಈ ಪ್ರಶ್ನೆಯನ್ನು ಕನ್ನಡ ಚಿತ್ರರಂಗಕ್ಕೂ ಹಾಕಲಿ.