ಮೂಕಿ ಪರದೆಯ ಅಕ್ಕತಂಗಿಯರು

ಹೊಸೂರು, ಕೃಷ್ಣಗಿರಿ ಕಡೆಯ ನಮ್ಮಂಥವರಿಗೆ ಮನೆಯಲ್ಲಿ ಕನ್ನಡ, ಸಂತೆಯಲ್ಲಿ ತೆಲುಗು, ಕಚೇರಿಯಲ್ಲಿ ತಮಿಳು. ಅದಕ್ಕೋ ಏನೋ, ಮಾತೇ ಇಲ್ಲದ ಮೂಕಿ ಚಿತ್ರಗಳ ಚರಿತ್ರೆ ನನ್ನನ್ನು ಮೊದಲಿನಿಂದಲೂ ಸೆಳೆದಿದೆ.

ಶೂದ್ರಕನ 'ಮೃಚ್ಛಕಟಿಕ'ದಲ್ಲಿ ಗಂಡನ ಮಾನ ಉಳಿಸಲು ಧೂತೆ ತವರಿನ ರತ್ನದ ಸರವನ್ನು ಬಿಚ್ಚಿ ಕೊಡುತ್ತಾಳೆ. ಗಣಿಕೆ ವಸಂತಸೇನೆ ಅದನ್ನು ಹಿಂದಿರುಗಿಸುವಾಗ ಅವಳನ್ನು ಅಕ್ಕನೆಂದೇ ಕರೆಯುತ್ತಾಳೆ. ಒಬ್ಬಳಿಗೆ ಬಡತನ, ಇನ್ನೊಬ್ಬಳಿಗೆ ರಾಜನ ಭಾವಮೈದುನನ ಕಾಟ. ಕಷ್ಟವೇ ಅವರನ್ನು ಅಕ್ಕತಂಗಿಯರನ್ನಾಗಿ ಮಾಡಿತು. ಮಣ್ಣಿನ ಬಂಡಿಗಿಂತ ಈ ಸರದ ಪ್ರಸಂಗವೇ ನನಗೆ ಹೆಚ್ಚು.

1930ರ ಆಸುಪಾಸಿನಲ್ಲಿ ಮೋಹನ್ ಭವನಾನಿ ಈ ಕಥೆಯನ್ನು 'ವಸಂತಸೇನಾ' ಎಂಬ ಮೂಕಿ ಚಿತ್ರವಾಗಿಸಿದರು. ಕೈಲಾಸಂ, ಏಣಾಕ್ಷಿ ರಾಮರಾವ್ ಅವರೊಡನೆ ಮಂಗಳೂರಿನ ಕಮಲಾದೇವಿ ಚಟ್ಟೋಪಾಧ್ಯಾಯರೂ ಅಭಿನಯಿಸಿದರು. ಮಾನಸ್ಥರ ಮನೆಯ ಹೆಣ್ಣು ಬಣ್ಣ ಹಚ್ಚಬಾರದೆಂಬ ಕಾಲವದು. ಕಮಲಾದೇವಿಯವರು ಬಾಲ್ಯದಲ್ಲೇ ವಿಧವೆಯಾಗಿ ಮರುಮದುವೆಯಾದವರು, ಉಪ್ಪಿನ ಸತ್ಯಾಗ್ರಹದಲ್ಲಿ ಜೈಲು ಕಂಡವರು. ಅವರ ಧೈರ್ಯ ದೊಡ್ಡದು, ನಿಜ. ಆದರೆ ಸಾರಸ್ವತ ಮನೆತನ, ವಿದ್ಯೆ, ಗೆಳೆಯರ ಬಳಗ ಬೆನ್ನಿಗಿದ್ದವು. 1987ರಲ್ಲಿ ಪದ್ಮವಿಭೂಷಣವೂ ಬಂತು.

ಹೆಚ್ಚುಕಡಿಮೆ ಅದೇ ಹೊತ್ತಿಗೆ ತಿರುವನಂತಪುರದಲ್ಲಿ ಜೆ.ಸಿ. ಡೇನಿಯಲ್ ಮಲಯಾಳದ ಮೊದಲ ಚಿತ್ರ 'ವಿಗತಕುಮಾರನ್' ತೆಗೆದರು. ಅದೂ ಮೂಕಿಯೇ. ನಾಯಕಿ ಪಿ.ಕೆ. ರೋಸಿ, ಕೂಲಿನಾಲಿ ಮಾಡಿ ಬದುಕುತ್ತಿದ್ದ ದಲಿತ ಹೆಣ್ಣುಮಗಳು. ಕಾಕ್ಕಾರಿಶ್ಶಿ ನಾಟಕಗಳಲ್ಲಿ ಪಾತ್ರ ಮಾಡಿದ್ದವರು. ಚಿತ್ರದಲ್ಲಿ ಅವರದು ನಾಯರ್ ಹೆಣ್ಣಿನ ಪಾತ್ರ. ಅಷ್ಟೇ ಸಾಕಾಯಿತು. ಕ್ಯಾಪಿಟಲ್ ಥಿಯೇಟರಿನ ಮೊದಲ ಪ್ರದರ್ಶನಕ್ಕೆ ನಾಯಕಿಗೇ ಪ್ರವೇಶವಿಲ್ಲ! ಒಳಗೆ ಜನ ಪರದೆಗೆ ಕಲ್ಲು ತೂರಿದರು. ಅವರ ಗುಡಿಸಲಿಗೂ ಬೆಂಕಿ ಬಿತ್ತೆಂದು ಹೇಳುತ್ತಾರೆ. ಒಂದು ಮಾತನ್ನೂ ಆಡದ ಹೆಣ್ಣಿನ ಮೇಲೆ ಅಷ್ಟು ಸಿಟ್ಟು.

ರೋಸಿ ಲಾರಿಯೊಂದನ್ನು ಹತ್ತಿ ಊರು ಬಿಟ್ಟರಂತೆ. ಆ ಲಾರಿಯ ಚಾಲಕನನ್ನೇ ಮದುವೆಯಾಗಿ ನಾಗರಕೋಯಿಲಿನಲ್ಲಿ ಬೇರೆ ಹೆಸರಿನಲ್ಲಿ ಬಾಳಿದರಂತೆ. ಆಗ ನಾಗರಕೋಯಿಲು ತಿರುವಾಂಕೂರಿನದೇ. 1956ರಲ್ಲಿ ಅದು ಮದ್ರಾಸಿಗೆ ಸೇರಿತು, ಕಾಸರಗೋಡು ಕೇರಳಕ್ಕೆ ಹೋಯಿತು, ನಮ್ಮ ಹೊಸೂರು ಮದ್ರಾಸಿನಲ್ಲೇ ಉಳಿಯಿತು. ಗಡಿಗೆರೆಯ ಮಾತು ಬಂದಾಗ ನಾವು ಭಾಷೆಯ ದುಃಖವನ್ನೇ ಹೇಳಿಕೊಳ್ಳುತ್ತೇವೆ. ನಮಗೆ ಊರೂ ಹೆಸರೂ ಉಳಿದಿವೆ. ರೋಸಿಗೆ ಅವೆರಡೂ ಹೋದವು, ಕಲೆಯೂ ಹೋಯಿತು. ಅವರನ್ನು ಅಕ್ಕ ಎಂದು ಕರೆಯುವವರು ಆ ಥಿಯೇಟರಿನಲ್ಲಿ ಇರಲಿಲ್ಲ.

2013ರಲ್ಲಿ ಕಮಲ್ ನಿರ್ದೇಶಿಸಿದ 'ಸೆಲ್ಯುಲಾಯ್ಡ್' ಬಂದಮೇಲೆ ಬಹಳ ಜನ ರೋಸಿಯ ಹೆಸರು ಕೇಳಿದರು. 'ವಿಗತಕುಮಾರನ್'ನ ಪ್ರತಿ ಮಾತ್ರ ಒಂದೂ ಉಳಿದಿಲ್ಲ.