ಹಳ್ಳಿ ಸೇವೆಗೆ ಅಂಕ: ಒಂದು ಚಿಕ್ಕ ಇತಿಹಾಸ

ಕುಪವಾಡದವರಾದ ನಮಗೆ ದೊಡ್ಡ ದವಾಖಾನೆ ಎಂದರೆ ಮಿರಜ. ಬೆಳಗಾವಿ, ವಿಜಾಪುರ ಕಡೆಯ ಕನ್ನಡದ ರೋಗಿಗಳೂ ಇಲ್ಲಿಗೇ ಬರುತ್ತಾರೆ. ಈ ಹೆಸರು ಹಳೆಯದು. ಮಿಶನರಿ ವೈದ್ಯ ಡಾ. ವಿಲಿಯಂ ವಾನ್ಲೆಸ್ 1889ರಲ್ಲಿ ಭಾರತಕ್ಕೆ ಬಂದರು. 1894ರಲ್ಲಿ ಮಿರಜದಲ್ಲಿ ಆಸ್ಪತ್ರೆ ತೆರೆದರು, 1897ರಲ್ಲಿ ವೈದ್ಯಕೀಯ ಶಾಲೆ ಆರಂಭಿಸಿದರು. 1962ರಲ್ಲಿ ಸರಕಾರಿ ಮೆಡಿಕಲ್ ಕಾಲೇಜು ಬಂತು.

ಮಿರಜದಲ್ಲಿ ತಜ್ಞರು ಇದ್ದಾರೆ. ಆದರೆ ನಮ್ಮದೇ ಸಾಂಗಲಿ ಜಿಲ್ಲೆಯ ಜತ್ತ ತಾಲೂಕಿನ ಕನ್ನಡ ಹಳ್ಳಿಯವರು ತಜ್ಞರನ್ನು ಕಾಣಬೇಕಾದರೆ ಊರು ಬಿಟ್ಟು ಪಟ್ಟಣಕ್ಕೆ ಬರಬೇಕು. ವೈದ್ಯರನ್ನೇ ಹಳ್ಳಿಗೆ ಕಳಿಸುವುದು ಹೇಗೆ? ಇದಕ್ಕೆ ನಮ್ಮ ದೇಶ ಹುಡುಕಿದ ಒಂದು ಉಪಾಯ ಅಂಕಗಳದ್ದು. ಎಂ.ಬಿ.ಬಿ.ಎಸ್. ಮುಗಿಸಿದ ಬಹಳ ಜನರ ಆಸೆ ಎಂ.ಡಿ. ಅಥವಾ ಎಂ.ಎಸ್. ಸೀಟು. ಹಳ್ಳಿಯಲ್ಲಿ ದುಡಿದರೆ ಆ ಸೀಟು ಹತ್ತಿರವಾಗುತ್ತದೆ ಎಂದರೆ ಹೋಗುತ್ತಾರೆ ಎಂಬುದು ಲೆಕ್ಕಾಚಾರ.

1992ರಲ್ಲಿ ಒರಿಸ್ಸಾದ ಡಾ. ಸ್ನೇಹಲತಾ ಪಟ್ನಾಯಕ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಒಂದು ಸಲಹೆ ಕೊಟ್ಟಿತು. ಐದು ವರ್ಷ ಗ್ರಾಮೀಣ ಸೇವೆ ಮಾಡಿದ ಸರಕಾರಿ ವೈದ್ಯರಿಗೆ ಶೇ. 5ರವರೆಗೆ ಹೆಚ್ಚಿನ ತೂಕ ಕೊಡಬಹುದು ಎಂದಿತು. ಅದು ಸಲಹೆ ಮಾತ್ರ, ಕಾನೂನಲ್ಲ.

ಮುಂದೆ ಭಾರತೀಯ ವೈದ್ಯಕೀಯ ಪರಿಷತ್ತು ತನ್ನ 2000ದ ಸ್ನಾತಕೋತ್ತರ ನಿಯಮಗಳಿಗೆ ತಿದ್ದುಪಡಿ ತಂದಿತು. 2012ರ ಹೊತ್ತಿಗೆ ನಿಯಮ ಹೀಗಿತ್ತು: ದುರ್ಗಮ ಅಥವಾ ಕಷ್ಟದ ಪ್ರದೇಶದಲ್ಲಿ ಸೇವೆ ಮಾಡಿದ ಸರಕಾರಿ ವೈದ್ಯರಿಗೆ ವರ್ಷಕ್ಕೆ, ಪಡೆದ ಅಂಕಗಳ ಶೇ. 10ರಂತೆ ಹೆಚ್ಚುವರಿ ಅಂಕ, ಗರಿಷ್ಠ ಶೇ. 30. ನಮ್ಮ ಏಳನೆಯ ತರಗತಿಯ ಮಕ್ಕಳೂ ಈ ಲೆಕ್ಕ ಮಾಡಬಲ್ಲರು. ಪರೀಕ್ಷೆಯಲ್ಲಿ 400 ಅಂಕ ಬಂದವರಿಗೆ ಮೂರು ವರ್ಷದ ಸೇವೆಯಿಂದ ಹೆಚ್ಚೆಂದರೆ 120 ಸೇರಿ 520 ಆಗುತ್ತಿತ್ತು. ಸ್ನಾತಕೋತ್ತರ ಡಿಪ್ಲೊಮಾದಲ್ಲಿಯಂತೂ ಮೂರು ವರ್ಷ ಇಂಥ ಸೇವೆ ಮಾಡಿದ ಸರಕಾರಿ ವೈದ್ಯರಿಗೆ ಅರ್ಧದಷ್ಟು ಸೀಟುಗಳನ್ನೇ ಮೀಸಲಿಟ್ಟಿದ್ದರು.

ಉತ್ತರ ಪ್ರದೇಶದ ದಿನೇಶ ಸಿಂಗ್ ಚೌಹಾಣ್ ಪ್ರಕರಣದಲ್ಲಿ, 2016ರ ಆಗಸ್ಟ್ 16ರಂದು, ಸುಪ್ರೀಂ ಕೋರ್ಟು ಈ ಅಂಕಪದ್ಧತಿಯನ್ನು ಎತ್ತಿಹಿಡಿಯಿತು. ಆದರೆ ಪದವಿ ಕೋರ್ಸುಗಳಲ್ಲಿ ಸೇವಾನಿರತರಿಗೆ ಪ್ರತ್ಯೇಕ ಸೀಟು ಇಡುವಂತಿಲ್ಲ ಎಂದಿತು. ನಾಲ್ಕು ವರ್ಷಗಳ ನಂತರ ಇದು ಬದಲಾಯಿತು. 2020ರ ಆಗಸ್ಟ್ 31ರಂದು ತಮಿಳುನಾಡು ವೈದ್ಯಾಧಿಕಾರಿಗಳ ಸಂಘದ ಪ್ರಕರಣದಲ್ಲಿ ಐವರು ನ್ಯಾಯಾಧೀಶರ ಪೀಠ, ಅಂಥ ಸೀಟು ಇಡುವ ಅಧಿಕಾರ ರಾಜ್ಯಗಳಿಗೆ ಇದೆ ಎಂದು ತೀರ್ಪು ಕೊಟ್ಟಿತು. 2022ರಲ್ಲಿ ನಮ್ಮ ಮಹಾರಾಷ್ಟ್ರ ಸರಕಾರ ಸೇವಾನಿರತ ವೈದ್ಯರಿಗೆ ಶೇ. 20 ಸ್ನಾತಕೋತ್ತರ ಸೀಟು ಇಟ್ಟಿತು. ಕರ್ನಾಟಕದ್ದು ಇನ್ನೊಂದು ದಾರಿ. ಅಲ್ಲಿ 2012ರ ಕಾಯ್ದೆಯಿಂದ ವೈದ್ಯ ಪದವೀಧರರಿಗೆ ಒಂದು ವರ್ಷದ ಸೇವೆಯನ್ನೇ ಕಡ್ಡಾಯ ಮಾಡಿದರು.

ಈ ಇತಿಹಾಸದಲ್ಲಿ ಗಮನಿಸಬೇಕಾದ ಮಾತೊಂದಿದೆ. ಅಂಕಪದ್ಧತಿ ವೈದ್ಯರನ್ನು ಹಳ್ಳಿಗೆ ಕರೆತರುವ ಬಾಗಿಲು, ಹಳ್ಳಿಯಿಂದ ಹೊರಗೆ ಒಯ್ಯುವ ಬಾಗಿಲೂ ಅದೇ. ಮೂರು ವರ್ಷಕ್ಕೆ ಶೇ. 30 ತುಂಬಿತು, ನಾಲ್ಕನೆಯ ವರ್ಷಕ್ಕೆ ಅಂಕವಿಲ್ಲ. 2020ರ ತೀರ್ಪು ಇದನ್ನು ಮನಗಂಡಿದೆ. ಈ ಸೀಟಿನಿಂದ ತಜ್ಞರಾದವರು ಮತ್ತೆ ಕೆಲವು ವರ್ಷ ಗ್ರಾಮೀಣ, ಗುಡ್ಡಗಾಡು ಪ್ರದೇಶದಲ್ಲಿ ದುಡಿಯುವಂತೆ ರಾಜ್ಯಗಳು ಕರಾರು ಬರೆಸಿಕೊಳ್ಳಬೇಕು ಎಂದು ಹೇಳಿದೆ. ಹೋದ ವೈದ್ಯ ತಜ್ಞನಾಗಿ ಮರಳಿ ಬಂದರೇ ಹಳ್ಳಿಗೆ ಲಾಭ.

ಇನ್ನೊಂದು ಮಾತು. ಈ ಅಂಕಗಳು ವರ್ಷಗಳನ್ನು ಎಣಿಸಿದವು, ಭಾಷೆಯನ್ನು ಎಣಿಸಲಿಲ್ಲ. ಗಡಿಯ ಹಳ್ಳಿಯ ಅಜ್ಜಿ ತನ್ನ ನೋವನ್ನು ಹೇಳುವುದು ಕನ್ನಡದಲ್ಲಿ. ಅದು ತಿಳಿಯುವ ವೈದ್ಯರು ನಮ್ಮ ಕನ್ನಡ ಶಾಲೆಗಳಿಂದಲೇ ಹೊರಡಬೇಕು. ಶಿಕ್ಷಕ ಬಂಧುಗಳೆ, ಪಾಲಕರೆ, ಡಾಕ್ಟರ್ ಆಗುತ್ತೇನೆ ಎನ್ನುವ ಮಗುವಿಗೆ ಸೀಟಿನ ದಾರಿ ಹೇಳುವಾಗ ಈ ಇತಿಹಾಸವನ್ನೂ ಹೇಳೋಣ.