ಗಾಡಿ ಮರೆಯಬೇಕಾದ ಕೀ

ಹೋದ ತಿಂಗಳು ಕಾರಿನ ಎರಡು ಕೀಗಳಲ್ಲಿ ಒಂದನ್ನ ಕಳ್ಕೊಂಡೆ. ಉಳಿದದ್ದನ್ನ ನೋಡ್ಕೊಂಡು ರಸ್ತೆ ಬದಿಯ ಕೀ ಮಾಡುವವರು ಹತ್ತೇ ನಿಮಿಷದಲ್ಲಿ ನಕಲು ಮಾಡಿಕೊಟ್ಟರು. ಬಾಗಿಲು ತೆರೀತು, ಇಂಜಿನ್ ಮಾತ್ರ ಸ್ಟಾರ್ಟ್ ಆಗಲಿಲ್ಲ. "ಒಳಗೆ ಚಿಪ್ ಬೇಕು ಸಾರ್, ಅದನ್ನ ಗಾಡಿಗೆ ಪರಿಚಯ ಮಾಡಿಸ್ಬೇಕು" ಅಂದರು.

ಈ ಪರಿಚಯದ ಹಳೇ ಕಥೆಯೊಂದು ಅಮೆರಿಕದ್ದು. 1986ರ ಕಾರ್ವೆಟ್ ಕಾರಿನ ಕೀಯಲ್ಲಿ ಜನರಲ್ ಮೋಟಾರ್ಸ್ ಪುಟ್ಟ ರೆಸಿಸ್ಟರ್ ಕೂರಿಸಿತು. ಅದರ ಅಳತೆ ಗಾಡಿಯ ಲೆಕ್ಕಕ್ಕೆ ತಾಳೆಯಾದರೆ ಮಾತ್ರ ಇಂಜಿನ್ ಚಾಲೂ. ಆದರೆ ಇದ್ದದ್ದು 15 ಅಳತೆ ಅಷ್ಟೇ. ಒಂದೊಂದಾಗಿ ಹಾಕಿ ನೋಡಿದರೆ ಆಯ್ತು.

90ರ ದಶಕದಲ್ಲಿ ಚಿಪ್ ಬಂತು. ಅದಕ್ಕೆ ಬ್ಯಾಟರಿ ಬೇಡ. ಇಗ್ನಿಷನ್ ಸುತ್ತಲಿನ ತಂತಿ ಸುರುಳಿಯಿಂದಲೇ ಶಕ್ತಿ ಸಿಗುತ್ತೆ. ಮೊದಮೊದಲು ಬರೀ ಒಂದು ಸಂಖ್ಯೆ ಒಪ್ಪಿಸುತ್ತಿತ್ತು. ಆಮೇಲೆ ಗಾಡಿ ಪ್ರತಿಸಲ ಹೊಸ ಪ್ರಶ್ನೆ ಕೇಳೋದು, ಚಿಪ್ ತನ್ನ ಗುಟ್ಟಿನಿಂದ ಲೆಕ್ಕ ಹಾಕಿ ಉತ್ತರ ಕೊಡೋದು ಶುರುವಾಯ್ತು. ಬ್ರಿಟನ್ 1998ರ ಅಕ್ಟೋಬರ್‌ನಿಂದ ಹೊಸ ಕಾರುಗಳಿಗೆ ಇಮ್ಮೊಬಿಲೈಸರ್ ಕಡ್ಡಾಯ ಮಾಡಿತು. 2005ರಲ್ಲಿ ಜಾನ್ಸ್ ಹಾಪ್ಕಿನ್ಸ್ ವಿಶ್ವವಿದ್ಯಾಲಯ ಮತ್ತು ಆರ್‌ಎಸ್‌ಎ ಸಂಶೋಧಕರು ಅಂಥದ್ದೊಂದು ಚಿಪ್‌ನ 40 ಬಿಟ್ ಗುಟ್ಟನ್ನೇ ಒಡೆದು ತೋರಿಸಿದರು.

ಆದರೂ ಒಂದು ಲಾಭ ಉಳಿದಿದೆ. ಹಳೇ ಬೀಗಕ್ಕೆ ಮರೆವು ಗೊತ್ತಿರಲಿಲ್ಲ. ಕೀ ಕಳೆದರೆ ಬೀಗವನ್ನೇ ಬದಲಾಯಿಸಬೇಕಿತ್ತು. ಇಮ್ಮೊಬಿಲೈಸರ್ ಮರೆಯಬಲ್ಲದು, ಆದರೆ ನಾವು ಹೇಳಬೇಕು. ಹೊಸ ಕೀ ಸೇರಿಸಿದ ಮಾತ್ರಕ್ಕೆ ಕಳೆದದ್ದು ರದ್ದಾಗಿದೆ ಅಂದ್ಕೋಬೇಡಿ. ನಾನು ಪಟ್ಟು ಹಿಡಿದು ಅಳಿಸಿಸಿದೆ. ಅದು ಸಿಕ್ಕವರಿಗೆ ಬಾಗಿಲೇನೋ ತೆರೆಯುತ್ತೆ. ಇಂಜಿನ್ ಮಾತ್ರ ಸ್ಟಾರ್ಟ್ ಆಗಲ್ಲ.